ಗೆದ್ದವರ ಎಪ್ಪತ್ತು ಕಿಲೋಮೀಟರ್ ಸಾಲು

ಬೆಂಗಳೂರಿನ ಹೈಕೋರ್ಟ್ ಬಾಗಿಲಲ್ಲಿ ಒಬ್ಬರನ್ನು ನಿಲ್ಲಿಸಿ. ಅವರ ಹಿಂದೆ ಇನ್ನೊಬ್ಬರು, ಅವರ ಹಿಂದೆ ಮತ್ತೊಬ್ಬರು. ನ್ಯಾಯಬೆಲೆ ಅಂಗಡಿಯ ಮುಂದೆ ನಿಲ್ಲುವ ಹಾಗೆ ಒಬ್ಬೊಬ್ಬರಿಗೆ ಅರ್ಧ ಮೀಟರ್ ಜಾಗ ಕೊಡಿ. ಸಾಲು ಯಶವಂತಪುರ ದಾಟುತ್ತದೆ, ನೆಲಮಂಗಲ ದಾಟುತ್ತದೆ, ದಾಬಸ್‌ಪೇಟೆ ದಾಟುತ್ತದೆ. ಕ್ಯಾತ್ಸಂದ್ರದ ತಟ್ಟೆ ಇಡ್ಲಿ ಹೋಟೆಲುಗಳನ್ನು ಹಾದು ತುಮಕೂರು ಊರೊಳಗೆ ಬರುತ್ತದೆ. ಕೊನೆಯವರಿಗೆ ನಿಲ್ಲಲು ಜಾಗ ಸಿಗುವುದು ಶಿರಾ ಗೇಟ್‌ನಲ್ಲಿ. ಹತ್ತಿರ ಹತ್ತಿರ 70 ಕಿಲೋಮೀಟರ್.

ದೇಶದ 25 ಹೈಕೋರ್ಟ್‌ಗಳಲ್ಲಿ ಬಾಕಿ ಇರುವ ನ್ಯಾಯಾಂಗ ನಿಂದನೆ ಪ್ರಕರಣಗಳು 1.43 ಲಕ್ಷಕ್ಕೂ ಹೆಚ್ಚು ಎಂದು ಕೇಂದ್ರ ಕಾನೂನು ಸಚಿವಾಲಯ 2025ರ ಮಾರ್ಚ್‌ನಲ್ಲಿ ಸಂಸತ್ತಿಗೆ ತಿಳಿಸಿತು. ಸುಪ್ರೀಂ ಕೋರ್ಟ್‌ನಲ್ಲಿರುವ 1,852 ಪ್ರಕರಣಗಳು ಬೇರೆ. ಒಂದು ಪ್ರಕರಣಕ್ಕೆ ಒಬ್ಬರಂತೆ ನಿಲ್ಲಿಸಿದರೆ ಆಗುವ ಸಾಲು ಇದು. ಈ ಸಾಲಿನಲ್ಲಿ ನಿಂತವರ ವಿಶೇಷವೆಂದರೆ, ಇವರಲ್ಲಿ ಬಹುತೇಕ ಎಲ್ಲರ ಕೈಯಲ್ಲೂ ಆಗಲೇ ಒಂದು ಆದೇಶವಿದೆ. ಇವರು ನ್ಯಾಯ ಕೇಳಲು ಮೊದಲ ಸಲ ಬಂದವರಲ್ಲ. ಕೇಳಿ, ಗೆದ್ದು, ಆದೇಶದ ಪ್ರತಿ ಪಡೆದು, ಅದು ಜಾರಿಯಾಗಲಿಲ್ಲ ಎಂದು ಮತ್ತೆ ಬಂದವರು.

ಸಾಲು ಬೆಳೆಯುತ್ತಿರುವ ವೇಗ ಇನ್ನೂ ಗಾಬರಿ ಹುಟ್ಟಿಸುತ್ತದೆ. ಕಾನೂನು ಆಯೋಗ ತನ್ನ 274ನೇ ವರದಿಯನ್ನು ಕೊಟ್ಟದ್ದು 2018ರಲ್ಲಿ. ಅದರಲ್ಲಿ 2017ರ ಜೂನ್‌ವರೆಗಿನ ಲೆಕ್ಕವಿದೆ: ಹೈಕೋರ್ಟ್‌ಗಳಲ್ಲಿ 96,310 ಸಿವಿಲ್ ನಿಂದನೆ ಪ್ರಕರಣಗಳು. ಅಂದಿನ ಸಾಲು ಹೈಕೋರ್ಟ್‌ನಿಂದ ಹೊರಟು ಸುಮಾರು 48 ಕಿಲೋಮೀಟರ್‌ಗೆ, ಅಂದರೆ ದಾಬಸ್‌ಪೇಟೆಯ ಆಸುಪಾಸಿನಲ್ಲಿ ಮುಗಿಯುತ್ತಿತ್ತು. ಎಂಟು ವರ್ಷ ತುಂಬುವ ಮೊದಲೇ ಅದು ಇನ್ನೂ 23 ಕಿಲೋಮೀಟರ್ ಮುಂದೆ ಬಂದಿದೆ. ಇತ್ಯರ್ಥವಾದವನ್ನೆಲ್ಲ ಕಳೆದ ಮೇಲೂ ದಿನಕ್ಕೆ ಸರಾಸರಿ 16 ಪ್ರಕರಣಗಳಂತೆ ಹೆಚ್ಚಾಗುತ್ತ ಹೋಗಿದೆ, ಭಾನುವಾರ, ಹಬ್ಬ, ಬೇಸಿಗೆ ರಜೆ ಎಲ್ಲವನ್ನೂ ಸೇರಿಸಿ.

ನ್ಯಾಯಾಂಗ ನಿಂದನೆ ಎಂದರೆ ನ್ಯಾಯಾಧೀಶರನ್ನು ಬೈಯುವುದು, ತೀರ್ಪನ್ನು ಹೀಯಾಳಿಸುವುದು ಎಂದೇ ಬಹಳ ಜನ ತಿಳಿದಿದ್ದಾರೆ. ಪತ್ರಿಕೆಗಳಲ್ಲಿ ದೊಡ್ಡದಾಗಿ ಬರುವುದು ಅಂಥ ಪ್ರಕರಣಗಳೇ. 2020ರಲ್ಲಿ ವಕೀಲ ಪ್ರಶಾಂತ್ ಭೂಷಣ್ ಅವರಿಗೆ ಸುಪ್ರೀಂ ಕೋರ್ಟ್ ವಿಧಿಸಿದ ಒಂದು ರೂಪಾಯಿ ದಂಡವನ್ನು ದೇಶವೆಲ್ಲ ಚರ್ಚಿಸಿತು. ಅದು ಕ್ರಿಮಿನಲ್ ನಿಂದನೆ. ಕಾನೂನು ಆಯೋಗದ ಅದೇ ವರದಿಯಲ್ಲಿ ಹೈಕೋರ್ಟ್‌ಗಳಲ್ಲಿದ್ದ ಅಂಥ ಪ್ರಕರಣಗಳು ಕೇವಲ 568. ಅಂದರೆ ಮಾತಿನಿಂದಾದ ಒಂದು ನಿಂದನೆಗೆ, ಆದೇಶ ಪಾಲಿಸದೆ ಆದ ಸುಮಾರು 170 ನಿಂದನೆಗಳು. ನಾವು ಆ ಒಂದರ ಬಗ್ಗೆ ವಾರಗಟ್ಟಲೆ ಮಾತಾಡುತ್ತೇವೆ. 170ರ ಬಗ್ಗೆ ಮಾತೇ ಇಲ್ಲ.

ಈ ಆರೋಪಗಳೆಲ್ಲ ಸಾಬೀತಾಗುತ್ತವೆ ಎಂದು ಹೇಳಲಾಗದು. ಎದುರುದಾರರೆಲ್ಲ ಸರ್ಕಾರಿ ಅಧಿಕಾರಿಗಳೂ ಅಲ್ಲ. ಆದರೆ ದೊಡ್ಡ ಪಾಲು ಯಾರದ್ದು ಎಂಬುದರಲ್ಲಿ ಗುಟ್ಟೇನೂ ಇಲ್ಲ. 2022ರ ಏಪ್ರಿಲ್ 30ರಂದು ದೆಹಲಿಯಲ್ಲಿ ಪ್ರಧಾನಿ ಮತ್ತು ಮುಖ್ಯಮಂತ್ರಿಗಳ ಎದುರಿಗೇ ಆಗಿನ ಮುಖ್ಯ ನ್ಯಾಯಮೂರ್ತಿ ಎನ್.ವಿ. ರಮಣ ಇದನ್ನು ಬಿಡಿಸಿ ಹೇಳಿದರು. ಬಾಕಿ ಪ್ರಕರಣಗಳ ಅರ್ಧದಷ್ಟಕ್ಕೆ ಸರ್ಕಾರಗಳೇ ಕಾರಣ. ಆದೇಶಗಳನ್ನು ವರ್ಷಗಟ್ಟಲೆ ಜಾರಿ ಮಾಡದಿರುವುದರಿಂದ ನಿಂದನೆ ಅರ್ಜಿಗಳೆಂಬ ಹೊಸ ಹೊರೆ ನ್ಯಾಯಾಲಯಗಳ ಮೇಲೆ ಬಿದ್ದಿದೆ ಎಂಬುದು ಅವರ ಮಾತಿನ ಸಾರ.

ಒಂದು ಆದೇಶದ ಪಯಣ

ಹೈಕೋರ್ಟ್‌ನಿಂದ ಒಂದು ಸಾಮಾನ್ಯ ಆದೇಶ ಹೊರಬೀಳುತ್ತದೆ ಎಂದಿಟ್ಟುಕೊಳ್ಳಿ. ನಿವೃತ್ತ ಶಿಕ್ಷಕರೊಬ್ಬರ ಪಿಂಚಣಿ ಬಾಕಿ, ಗುಬ್ಬಿ ಕಡೆಯ ರೈತರೊಬ್ಬರ ಪಹಣಿ ತಿದ್ದುಪಡಿ, ಕುಣಿಗಲ್ ಕಡೆಯವರೊಬ್ಬರ ಭೂಸ್ವಾಧೀನ ಪರಿಹಾರ, ಹೀಗೆ ಯಾವುದಾದರೂ ಒಂದು. ಆದೇಶದ ಕೊನೆಯ ಪ್ಯಾರಾದಲ್ಲಿ ಸಾಮಾನ್ಯವಾಗಿ ಒಂದು ಸಾಲಿರುತ್ತದೆ: ದೃಢೀಕೃತ ಪ್ರತಿ ತಲುಪಿದ ದಿನದಿಂದ ಮೂರು ತಿಂಗಳೊಳಗೆ ಅರ್ಜಿದಾರರ ಮನವಿಯನ್ನು ಕಾನೂನು ಪ್ರಕಾರ ಪರಿಗಣಿಸಬೇಕು.

ಅರ್ಜಿದಾರರು ಆ ಪ್ರತಿಯನ್ನು ಕಚೇರಿಯ ತಪಾಲು ವಿಭಾಗಕ್ಕೆ ಕೊಟ್ಟು ಸೀಲು ಹಾಕಿಸಿಕೊಳ್ಳುತ್ತಾರೆ. ಕಡತ ವಿಷಯ ನಿರ್ವಾಹಕರ ಮೇಜಿಗೆ ಹೋಗುತ್ತದೆ. ಅಲ್ಲಿಂದ ಅಧೀಕ್ಷಕರಿಗೆ, ಅಲ್ಲಿಂದ ಮೇಲಧಿಕಾರಿಗೆ, ಕಾನೂನು ಕೋಶಕ್ಕೆ, ಸರ್ಕಾರಿ ವಕೀಲರ ಅಭಿಪ್ರಾಯಕ್ಕೆ, ಹಣಕಾಸು ಇಲಾಖೆಯ ಸಹಮತಿಗೆ. ಪ್ರತಿ ಮೇಜಿನಲ್ಲೂ ಒಂದು ಟಿಪ್ಪಣಿ ಸೇರುತ್ತದೆ, ದಿನಾಂಕ ಸೇರುತ್ತದೆ, ಸಹಿ ಸೇರುತ್ತದೆ. ಮೂರು ತಿಂಗಳು ಮುಗಿದಾಗ ಕಡತ ದಪ್ಪವಾಗಿರುತ್ತದೆ, ಕೆಲಸ ಆಗಿರುವುದಿಲ್ಲ. ಹೋಗಿ ವಿಚಾರಿಸಿದರೆ, ಮೇಲ್ಮನವಿ ಹಾಕುವ ಪ್ರಸ್ತಾವ ಪರಿಶೀಲನೆಯಲ್ಲಿದೆ ಎಂಬ ಉತ್ತರ. ಮೇಲ್ಮನವಿ ಬಾಕಿ ಇದ್ದ ಮಾತ್ರಕ್ಕೆ ಆದೇಶ ನಿಂತುಬಿಡುವುದಿಲ್ಲ, ತಡೆಯಾಜ್ಞೆ ಬೇಕು. ಈ ಸರಳ ಸಂಗತಿ ಗೊತ್ತಿಲ್ಲದೆ ಎಷ್ಟೋ ಮಂದಿ ಮನೆಗೆ ಮರಳುತ್ತಾರೆ.

ಮರಳದವರು ಮತ್ತೆ ವಕೀಲರನ್ನು ಹಿಡಿದು ನಿಂದನೆ ಅರ್ಜಿ ಹಾಕುತ್ತಾರೆ. ಕರ್ನಾಟಕ ಹೈಕೋರ್ಟ್‌ನಲ್ಲಿ ಇದಕ್ಕೆ ಸಿಸಿಸಿ (ಸಿವಿಲ್ ಕಂಟೆಂಪ್ಟ್ ಕೇಸ್) ಎಂದು ಸಂಖ್ಯೆ ಬೀಳುತ್ತದೆ. ಇಬ್ಬರು ನ್ಯಾಯಮೂರ್ತಿಗಳ ಪೀಠದ ನೋಟಿಸ್ ಹೊರಟ ಮೇಲೆ ಕಚೇರಿ ಎಚ್ಚೆತ್ತುಕೊಳ್ಳುತ್ತದೆ. ಎರಡು ವರ್ಷ ಅಲುಗದ ಕಡತ ಎರಡು ವಾರದಲ್ಲಿ ಮುಗಿಯುತ್ತದೆ. ಇಲ್ಲವೇ ಮನವಿಯನ್ನು ಪರಿಗಣಿಸಿ ತಿರಸ್ಕರಿಸಲಾಗಿದೆ ಎಂಬ ಒಂದು ಹಿಂಬರಹ ಬರುತ್ತದೆ. ಆದೇಶದ ಅಕ್ಷರ ಪಾಲನೆಯಾಯಿತು, ನಿಂದನೆ ಅರ್ಜಿ ಮುಕ್ತಾಯವಾಯಿತು. ಹಿಂಬರಹವನ್ನು ಪ್ರಶ್ನಿಸಲು ಅರ್ಜಿದಾರರು ಮತ್ತೊಂದು ರಿಟ್ ಹಾಕಬೇಕು.

ಈಗ ಕಾಲದ ಲೆಕ್ಕ ನೋಡಿ. ಒಂದೊಂದು ನಿಂದನೆ ಪ್ರಕರಣಕ್ಕೆ ಬರೀ ಹತ್ತು ನಿಮಿಷ ಕೊಟ್ಟರೂ, ದಿನಕ್ಕೆ ಐದು ಗಂಟೆ ಕೂರುವ ಪೀಠ 30 ಪ್ರಕರಣ ಮುಗಿಸಬಹುದು. ವರ್ಷಕ್ಕೆ 210 ದಿನ ಕೆಲಸ ಮಾಡಿದರೆ 6,300. ಒಂದೇ ಪೀಠ 1.43 ಲಕ್ಷ ಮುಗಿಸಲು 22 ವರ್ಷಕ್ಕೂ ಹೆಚ್ಚು ಬೇಕು. 25 ಹೈಕೋರ್ಟ್‌ಗಳೂ ಒಂದೊಂದು ಪೀಠವನ್ನು ಇದಕ್ಕೇ ಮೀಸಲಿಟ್ಟರೆ, ಆ ಪೀಠಗಳು ಹತ್ತಿರ ಹತ್ತಿರ ಒಂದು ವರ್ಷ ಬೇರೆ ಯಾವ ಕೆಲಸವನ್ನೂ ಮುಟ್ಟುವಂತಿಲ್ಲ. ಆ ಒಂದು ವರ್ಷದಲ್ಲಿ ಹೊಸ ಪ್ರಕರಣ ಒಂದೂ ಬರಬಾರದು. ಅದೂ ಒಂದೇ ಒಂದು ವಿಚಾರಣೆಯಲ್ಲಿ ಎಲ್ಲ ಮುಗಿದರೆ ಮಾತ್ರ. ಜಾಮೀನು ಅರ್ಜಿಗೆ, ಜೀವನಾಂಶಕ್ಕೆ, ಅಪಘಾತ ಪರಿಹಾರಕ್ಕೆ ಸಿಗಬೇಕಾದ ನ್ಯಾಯಾಲಯದ ಸಮಯ, ಒಮ್ಮೆ ತೀರ್ಮಾನವಾದ ಸಂಗತಿಯನ್ನೇ ಮತ್ತೆ ಹೇಳುವುದರಲ್ಲಿ ಕಳೆಯುತ್ತಿದೆ.

ಎರಡು ಸಾವಿರ ರೂಪಾಯಿ

1971ರ ನ್ಯಾಯಾಂಗ ನಿಂದನೆ ಕಾಯ್ದೆಯ 12ನೇ ಸೆಕ್ಷನ್ ಹೇಳುವ ಗರಿಷ್ಠ ಶಿಕ್ಷೆ ಆರು ತಿಂಗಳ ಸಾದಾ ಸಜೆ, ಅಥವಾ 2,000 ರೂಪಾಯಿ ದಂಡ, ಅಥವಾ ಎರಡೂ. ಮನಃಪೂರ್ವಕ ಕ್ಷಮೆ ಕೇಳಿದರೆ ಬಿಟ್ಟುಬಿಡಲೂ ಅವಕಾಶವಿದೆ. ಅರ್ಧ ಶತಮಾನ ಕಳೆದರೂ ಆ 2,000 ಬದಲಾಗಿಲ್ಲ. ಬಾಕಿ ಇರುವ 1.43 ಲಕ್ಷ ಪ್ರಕರಣಗಳಲ್ಲೂ ಆರೋಪ ಸಾಬೀತಾಗಿ, ಎಲ್ಲದರಲ್ಲೂ ಗರಿಷ್ಠ ದಂಡ ಬಿದ್ದರೂ ಒಟ್ಟು ಮೊತ್ತ 29 ಕೋಟಿ ರೂಪಾಯಿ ಮುಟ್ಟುವುದಿಲ್ಲ.

ಅದರ ಪಕ್ಕದಲ್ಲಿ ಬೆಂಗಳೂರು ಅರಮನೆ ಮೈದಾನದ ಒಂದೇ ಒಂದು ಪ್ರಕರಣವನ್ನಿಡಿ. 1996ರ ಕಾಯ್ದೆಯ ಮೂಲಕ ರಾಜ್ಯ ಸರ್ಕಾರ ಅರಮನೆಯ 472 ಎಕರೆ 16 ಗುಂಟೆಯನ್ನು 11 ಕೋಟಿ ರೂಪಾಯಿ ಪರಿಹಾರಕ್ಕೆ ಸ್ವಾಧೀನಪಡಿಸಿಕೊಳ್ಳಲು ಹೊರಟಿತು. ಎಕರೆಗೆ ಸುಮಾರು 2.3 ಲಕ್ಷ. ವ್ಯಾಜ್ಯ ಸುಪ್ರೀಂ ಕೋರ್ಟ್ ಮೆಟ್ಟಿಲೇರಿತು. ನಡುವೆ ಬಳ್ಳಾರಿ ರಸ್ತೆ, ಜಯಮಹಲ್ ರಸ್ತೆಗಳ ಅಗಲೀಕರಣಕ್ಕೆ 16 ಎಕರೆಗೂ ಕೊಂಚ ಕಡಿಮೆ ಜಾಗ ಬೇಕಾಯಿತು. ಅದಕ್ಕೆ ಅಭಿವೃದ್ಧಿ ಹಕ್ಕು ವರ್ಗಾವಣೆ ಪತ್ರ, ಅಂದರೆ ಟಿಡಿಆರ್ ಕೊಡಬೇಕೆಂಬ ವಿಚಾರದಲ್ಲಿ 2014ರಲ್ಲಿ ಆದೇಶವಾಯಿತು. ಅದು ಪಾಲನೆಯಾಗಲಿಲ್ಲ ಎಂಬ ನಿಂದನೆ ಅರ್ಜಿಗಳ ಮೇಲೆ ಸುಪ್ರೀಂ ಕೋರ್ಟ್ 2024ರ ಡಿಸೆಂಬರ್ 10ರಂದು ಆರು ವಾರಗಳ ಗಡುವು ಕೊಟ್ಟಿತು. ಆ ಟಿಡಿಆರ್‌ನ ಮೌಲ್ಯ 3,000 ಕೋಟಿ ರೂಪಾಯಿ ಮೀರುತ್ತದೆ ಎಂಬುದು ಸರ್ಕಾರದ್ದೇ ಲೆಕ್ಕ. ಎಕರೆಗೆ 180 ಕೋಟಿಗೂ ಹೆಚ್ಚು. ಇಷ್ಟು ಹಣ ಬೊಕ್ಕಸಕ್ಕೆ ಭಾರ ಎಂಬ ಸರ್ಕಾರದ ವಾದದಲ್ಲಿ ಹುರುಳಿರಬಹುದು. ಆದರೆ ಆ ವಾದಕ್ಕೆ ಸಮಯ ಆದೇಶದ ಮರುವಾರ, ಹತ್ತು ವರ್ಷದ ನಂತರವಲ್ಲ. ದೇಶದ ಎಲ್ಲ ನಿಂದನೆ ಪ್ರಕರಣಗಳ ಗರಿಷ್ಠ ದಂಡವನ್ನು ಒಟ್ಟುಗೂಡಿಸಿ, ಅದನ್ನು ನೂರರಿಂದ ಗುಣಿಸಿದರೂ ಈ ಒಂದು ಪ್ರಕರಣದ ಮೊತ್ತಕ್ಕೆ ಸಾಟಿಯಾಗದು.

ಜೈಲಿಗೆ ಕಳಿಸಿದ ಉದಾಹರಣೆಗಳು ಇಲ್ಲವೇ? ಇವೆ, ಬೆರಳಲ್ಲಿ ಎಣಿಸುವಷ್ಟು. 1994ರಲ್ಲಿ ಉತ್ತರ ಪ್ರದೇಶದ ಮಾಜಿ ಮುಖ್ಯಮಂತ್ರಿ ಕಲ್ಯಾಣ್ ಸಿಂಗ್ ಅವರಿಗೆ ಒಂದು ದಿನದ ಸಜೆ, 2,000 ರೂಪಾಯಿ ದಂಡ. 1995ರಲ್ಲಿ ನಮ್ಮದೇ ರಾಜ್ಯದ ನಗರಾಭಿವೃದ್ಧಿ ಇಲಾಖೆಯ ಕಾರ್ಯದರ್ಶಿ, ಐಎಎಸ್ ಅಧಿಕಾರಿ ಜೆ. ವಾಸುದೇವನ್ ಅವರಿಗೆ ಸುಪ್ರೀಂ ಕೋರ್ಟ್ ಒಂದು ತಿಂಗಳ ಸಜೆ ವಿಧಿಸಿತು. ಬೆಂಗಳೂರು ಪಾಲಿಕೆಯ ಒಬ್ಬ ಎಂಜಿನಿಯರ್‌ಗೆ ಸಂಬಂಧಿಸಿದ ಆದೇಶ ಪಾಲನೆಯಾಗಿರಲಿಲ್ಲ. 2006ರಲ್ಲಿ ಮಹಾರಾಷ್ಟ್ರದ ಸಚಿವ ಸ್ವರೂಪ್ ಸಿಂಗ್ ನಾಯಕ್ ಮತ್ತು ಅರಣ್ಯ ಇಲಾಖೆಯ ಕಾರ್ಯದರ್ಶಿಗೆ ಒಂದೊಂದು ತಿಂಗಳು. ನೆರೆಯ ಪಾಕಿಸ್ತಾನದಲ್ಲಿ 2012ರ ಏಪ್ರಿಲ್ 26ರಂದು ಪ್ರಧಾನಿ ಗಿಲಾನಿ ಅವರಿಗೆ ಸಿಕ್ಕ ಶಿಕ್ಷೆ ನ್ಯಾಯಾಲಯ ಏಳುವವರೆಗೆ, ಅಂದರೆ ಅರ್ಧ ನಿಮಿಷದಷ್ಟು. ಆ ಅರ್ಧ ನಿಮಿಷಕ್ಕೆ ಜೂನ್‌ನಲ್ಲಿ ಅವರ ಪ್ರಧಾನಿ ಪದವಿಯೇ ಹೋಯಿತು. ದಕ್ಷಿಣ ಆಫ್ರಿಕಾದ ಸಾಂವಿಧಾನಿಕ ನ್ಯಾಯಾಲಯ 2021ರಲ್ಲಿ ಮಾಜಿ ಅಧ್ಯಕ್ಷ ಜೇಕಬ್ ಜುಮಾ ಅವರಿಗೆ 15 ತಿಂಗಳು ವಿಧಿಸಿತು.

ಅಧಿಕಾರಿಗಳನ್ನು ಸಾಲುಸಾಲಾಗಿ ಜೈಲಿಗೆ ಕಳಿಸಬೇಕು ಎನ್ನುವುದು ನನ್ನ ಮಾತಲ್ಲ. ಸುಪ್ರೀಂ ಕೋರ್ಟ್ ಕೂಡ 2024ರ ಜನವರಿಯಲ್ಲಿ, ಅಧಿಕಾರಿಗಳನ್ನು ಮಾತೆತ್ತಿದರೆ ಖುದ್ದು ಹಾಜರಿಗೆ ಕರೆಯಬಾರದು ಎಂದು ಹೈಕೋರ್ಟ್‌ಗಳಿಗೆ ಕಾರ್ಯವಿಧಾನ ರೂಪಿಸಿಕೊಟ್ಟಿತು. ನನ್ನ ಮಾತು ಇಷ್ಟೇ: ಪಾಲಿಸದವರಿಗೆ ಕಳೆದುಕೊಳ್ಳಲು ಬಹುತೇಕ ಏನೂ ಇಲ್ಲ. ಕಳೆದುಕೊಳ್ಳುವುದೆಲ್ಲ ಗೆದ್ದವರೇ.

5,900 ದಿನ

ಬೆಂಗಳೂರು–ಮೈಸೂರು ಮೂಲಸೌಕರ್ಯ ಕಾರಿಡಾರ್‌ಗಾಗಿ ಕೆಐಎಡಿಬಿ ಭೂಸ್ವಾಧೀನದ ಪ್ರಾಥಮಿಕ ಅಧಿಸೂಚನೆ ಹೊರಡಿಸಿದ್ದು 2003ರ ಜನವರಿಯಲ್ಲಿ. 1990ರ ದಶಕದಲ್ಲಿ ಅಲ್ಲಿ ನಿವೇಶನ ಕೊಂಡಿದ್ದ ಕೆಲವರ ಜಾಗ ಹೋಯಿತು, ಪರಿಹಾರದ ಐತೀರ್ಪು ಮಾತ್ರ ಆಗಲಿಲ್ಲ. ಹೈಕೋರ್ಟ್‌ಗೆ ಹೋದರು, ಆದೇಶ ತಂದರು. ಕೊನೆಗೆ ನಿಂದನೆ ಅರ್ಜಿಯಲ್ಲಿ ನೋಟಿಸ್ ಹೊರಟ ಮೇಲಷ್ಟೇ ವಿಶೇಷ ಭೂಸ್ವಾಧೀನಾಧಿಕಾರಿ 2019ರ ಏಪ್ರಿಲ್ 22ರಂದು ಐತೀರ್ಪು ಕೊಟ್ಟರು. ಅಧಿಸೂಚನೆಯಿಂದ ಅಲ್ಲಿಗೆ 5,900 ದಿನಗಳಷ್ಟು. ಅಂದು ಹುಟ್ಟಿದ ಮಗು ಎಸ್ಸೆಸ್ಸೆಲ್ಸಿ ಮುಗಿಸುವಷ್ಟು ಕಾಲ.

2025ರ ಜನವರಿ 2ರಂದು ನ್ಯಾಯಮೂರ್ತಿಗಳಾದ ಬಿ.ಆರ್. ಗವಾಯಿ ಮತ್ತು ಕೆ.ವಿ. ವಿಶ್ವನಾಥನ್ ಅವರ ಸುಪ್ರೀಂ ಕೋರ್ಟ್ ಪೀಠ, ಭೂಮಿಯ ಬೆಲೆಯನ್ನು ಹಳೆಯ ವರ್ಷದ ದರದಲ್ಲಲ್ಲ, 2019ರ ಏಪ್ರಿಲ್ 22ರ ಮಾರುಕಟ್ಟೆ ದರದಲ್ಲಿ ಕಟ್ಟಬೇಕೆಂದು ಸಂವಿಧಾನದ 142ನೇ ವಿಧಿಯ ಅಧಿಕಾರ ಬಳಸಿ ಆದೇಶಿಸಿತು. ವಿಳಂಬಕ್ಕೆ ಭೂಮಾಲೀಕರು ಕಾರಣರಲ್ಲ, ಅಧಿಕಾರಿಗಳ ಆಲಸ್ಯವೇ ಕಾರಣ ಎಂದು ಪೀಠ ಸ್ಪಷ್ಟವಾಗಿ ದಾಖಲಿಸಿತು. ಹೆಚ್ಚಿದ ಆ ಮೊತ್ತ ಯಾವ ಅಧಿಕಾರಿಯ ಸಂಬಳದಿಂದಲೂ ಬರುವುದಿಲ್ಲ.

ಬಡ್ಡಿಯ ಲೆಕ್ಕ ಹಾಕಿದರೆ ಇದು ಇನ್ನೂ ಸ್ಪಷ್ಟವಾಗಿ ಅರ್ಥವಾಗುತ್ತದೆ. ಭೂಸ್ವಾಧೀನ ಕಾಯ್ದೆಯಡಿ ಪರಿಹಾರ ತಡವಾದರೆ ಮೊದಲ ವರ್ಷಕ್ಕೆ ಶೇಕಡ 9, ನಂತರದ ವರ್ಷಗಳಿಗೆ ಶೇಕಡ 15 ಬಡ್ಡಿ. ಹತ್ತು ಲಕ್ಷ ರೂಪಾಯಿ ಪರಿಹಾರ ಹತ್ತು ವರ್ಷ ತಡವಾಯಿತು ಎಂದರೆ ಬಡ್ಡಿಯೇ 14 ಲಕ್ಷದ 40 ಸಾವಿರ. ಅಸಲು ಸೇರಿ 24 ಲಕ್ಷದ 40 ಸಾವಿರ. ಈ ಹಣ ಕಟ್ಟುವವರು ನಾವು, ತೆರಿಗೆದಾರರು. ಜಿಲ್ಲಾ ಕೇಂದ್ರಗಳಲ್ಲಿ ಆಗಾಗ ಕಾಣುವ ದೃಶ್ಯ ಇದರದ್ದೇ ಕೊನೆಯ ಹಂತ. ಜಪ್ತಿ ವಾರಂಟ್ ಹಿಡಿದು ನ್ಯಾಯಾಲಯದ ಅಮೀನರು ಸರ್ಕಾರಿ ಕಚೇರಿಗೆ ಬರುತ್ತಾರೆ. ಕುರ್ಚಿ, ಕಂಪ್ಯೂಟರ್, ಪ್ರಿಂಟರ್‌ಗಳನ್ನು ಹೊರಗೆ ತರುತ್ತಾರೆ, ಜೀಪಿಗೆ ಚೀಟಿ ಅಂಟಿಸುತ್ತಾರೆ. ಅಧಿಕಾರಿ ಒಂದು ತಿಂಗಳ ಕಾಲಾವಕಾಶ ಬೇಡುತ್ತಾರೆ. ಪಕ್ಕದಲ್ಲಿ ನಿಂತ ರೈತರಿಗೆ ಬೇಕಾದದ್ದು ಆ ಕುರ್ಚಿಯಲ್ಲ, ತಮ್ಮ ಜಮೀನಿನ ದುಡ್ಡು.

ಡಿಕ್ರಿ ಜಾರಿ ಮಾಡಿಸಿ ಎಂದು ಕೇಳುವ ಇಂಥ ಅಮಲ್ಜಾರಿ ಅರ್ಜಿಗಳ ಸಂಖ್ಯೆಯ ಮುಂದೆ 1.43 ಲಕ್ಷವೂ ಸಣ್ಣದಾಗುತ್ತದೆ. ದೇಶದ ಸಿವಿಲ್ ನ್ಯಾಯಾಲಯಗಳಲ್ಲಿ 8,82,578 ಅಮಲ್ಜಾರಿ ಅರ್ಜಿಗಳು ಬಾಕಿ ಇವೆ ಎಂಬ ಲೆಕ್ಕ 2025ರ ಅಕ್ಟೋಬರ್‌ನಲ್ಲಿ ಸುಪ್ರೀಂ ಕೋರ್ಟ್ ಮುಂದೆ ಬಂತು. ಆರು ತಿಂಗಳಲ್ಲಿ 3,38,685 ಅರ್ಜಿಗಳು ಇತ್ಯರ್ಥವಾದ ಮೇಲೆ ಉಳಿದದ್ದು ಇದು. ಇವುಗಳಲ್ಲಿ ಖಾಸಗಿ ವ್ಯಾಜ್ಯಗಳೂ ಇವೆ, ಸರ್ಕಾರದ ವಿರುದ್ಧದವೂ ಇವೆ. ನಮ್ಮ ರಾಜ್ಯದ ಪಾಲೆಷ್ಟು? ಕರ್ನಾಟಕ ಹೈಕೋರ್ಟ್ ಆಗ ಮಾಹಿತಿ ಸಲ್ಲಿಸಿರಲಿಲ್ಲ. ಎರಡು ವಾರದೊಳಗೆ ವಿವರಣೆ ಕೊಡುವಂತೆ ಸುಪ್ರೀಂ ಕೋರ್ಟ್ ಸೂಚಿಸಬೇಕಾಯಿತು. ಅಮಲ್ಜಾರಿ ಅರ್ಜಿಗಳನ್ನು ಆರು ತಿಂಗಳಲ್ಲಿ ಮುಗಿಸಬೇಕೆಂದು ಸುಪ್ರೀಂ ಕೋರ್ಟ್ 2021ರಲ್ಲಿ ತೀರ್ಪು ಕೊಟ್ಟದ್ದು ಬೆಂಗಳೂರಿನಿಂದಲೇ ಹೋದ ಒಂದು ಪ್ರಕರಣದಲ್ಲಿ.

ನೀರಿನ ಆದೇಶ, ಕಾಗದದ ಆದೇಶ

ಕರ್ನಾಟಕದಲ್ಲಿ ಕೋರ್ಟ್ ಆದೇಶ ಪಾಲಿಸದ ಸರ್ಕಾರ ಎಂದರೆ ಎಲ್ಲರಿಗೂ ನೆನಪಾಗುವುದು ಕಾವೇರಿ. 2002ರಲ್ಲಿ ನೀರು ಬಿಡುವ ವಿಚಾರದಲ್ಲಿ ತಮಿಳುನಾಡು ನಿಂದನೆ ಅರ್ಜಿ ಹಾಕಿತು. ಮುಖ್ಯಮಂತ್ರಿ ಎಸ್.ಎಂ. ಕೃಷ್ಣ ಸುಪ್ರೀಂ ಕೋರ್ಟ್‌ನಲ್ಲಿ ಬೇಷರತ್ ಕ್ಷಮೆ ಕೋರಿದರು. 2016ರ ಸೆಪ್ಟೆಂಬರ್ 5ರ ಆದೇಶ 15,000 ಕ್ಯೂಸೆಕ್‌ನಂತೆ ಹತ್ತು ದಿನ ಬಿಡಬೇಕೆಂದಿತು. ಅಂದರೆ ಸೆಕೆಂಡಿಗೆ ನಾಲ್ಕು ಲಕ್ಷದ 25 ಸಾವಿರ ಲೀಟರ್. ಹತ್ತು ದಿನಕ್ಕೆ ಸುಮಾರು 13 ಟಿಎಂಸಿ, 37 ಟಿಎಂಸಿ ಸಾಮರ್ಥ್ಯದ ಗೊರೂರು ಜಲಾಶಯದ ಮೂರನೇ ಒಂದು ಪಾಲಿಗಿಂತ ಹೆಚ್ಚು. ಗುಬ್ಬಿ, ಕುಣಿಗಲ್ ಕಡೆಗೆ ನಾಲೆಯಲ್ಲಿ ಬರುವ ಹೇಮಾವತಿ, ಬುಗುಡನಹಳ್ಳಿ ಕೆರೆ ತುಂಬಿ ತುಮಕೂರು ನಗರದ ನಲ್ಲಿಗೆ ಬರುವ ಹೇಮಾವತಿ ಅದೇ ಗೊರೂರಿನದು. ಸೆಪ್ಟೆಂಬರ್ 23ರಂದು ವಿಧಾನಮಂಡಲ, ನೀರು ಕುಡಿಯಲು ಮಾತ್ರ ಎಂದು ನಿರ್ಣಯ ಅಂಗೀಕರಿಸಿತು. ಸೆಪ್ಟೆಂಬರ್ 30ರಂದು ಸುಪ್ರೀಂ ಕೋರ್ಟ್ ಕಟುವಾಗಿ ಎಚ್ಚರಿಸಿತು. ಕಡೆಗೆ ನೀರು ಹರಿಯಿತು. 2018ರ ಫೆಬ್ರುವರಿ 16ರ ಅಂತಿಮ ತೀರ್ಪಿನಲ್ಲಿ ಕರ್ನಾಟಕದ ಪಾಲಿಗೆ 14.75 ಟಿಎಂಸಿ ಹೆಚ್ಚು ಸಿಕ್ಕಿತು. ಅದು ಸಿಕ್ಕಿದ್ದು ವಾದದಿಂದ, ಆದೇಶ ಧಿಕ್ಕರಿಸಿದ್ದರಿಂದಲ್ಲ.

ಕಾವೇರಿಯಲ್ಲಿ ಸರ್ಕಾರಕ್ಕೆ ಕಷ್ಟವಿತ್ತು. ಜಲಾಶಯ ತುಂಬಿರಲಿಲ್ಲ, ಬೆಳೆ ಒಣಗುತ್ತಿತ್ತು, ಜನ ಬೀದಿಯಲ್ಲಿದ್ದರು. ಆ ಕಷ್ಟವನ್ನು ಸದನದಲ್ಲಿ ಹೇಳಿತು, ಕೋರ್ಟ್‌ನಲ್ಲಿ ಹೇಳಿತು. ಒಬ್ಬ ನಿವೃತ್ತ ನೌಕರರ ಪಿಂಚಣಿ ಬಾಕಿ ಕೊಡಲು ಯಾವ ಜಲಾಶಯ ತುಂಬಬೇಕು? ಪಹಣಿಯಲ್ಲಿ ಒಂದು ಹೆಸರು ತಿದ್ದಲು ಯಾವ ಸದನದ ನಿರ್ಣಯ ಬೇಕು? 1.43 ಲಕ್ಷದ ಬೆಟ್ಟ ಬೆಳೆದಿರುವುದು ಇಂಥ ಸಣ್ಣ ಆದೇಶಗಳಿಂದ. ಇವನ್ನು ಪಾಲಿಸಬಾರದೆಂದು ಯಾರೂ ತೀರ್ಮಾನಿಸಿಲ್ಲ. ಪಾಲಿಸಬೇಕಾದವರು ಇಂಥವರೇ, ಇಂಥ ದಿನಾಂಕದೊಳಗೆ ಎಂದು ಯಾರೂ ಬರೆದಿಟ್ಟಿಲ್ಲ, ಅಷ್ಟೇ.

ಬರೆದಿಡುವುದು ಕಷ್ಟದ ಕೆಲಸವಲ್ಲ. ಕಡತಗಳು ಇ-ಆಫೀಸ್‌ಗೆ ಬಂದಾಗಿದೆ. ಪ್ರತಿ ಇಲಾಖೆ ತನ್ನ ವಿರುದ್ಧ ಬಂದ ಆದೇಶಗಳ ಪಟ್ಟಿಯನ್ನು ಗಡುವಿನ ದಿನಾಂಕ, ಹೊಣೆ ಹೊತ್ತ ಅಧಿಕಾರಿಯ ಹುದ್ದೆ ಸಮೇತ ಪ್ರಕಟಿಸಲಿ. ಮೇಲ್ಮನವಿ ಬೇಕೋ ಬೇಡವೋ ಎಂಬುದನ್ನು 30 ದಿನದಲ್ಲಿ ತೀರ್ಮಾನಿಸಲಿ. ಗಡುವು ಮೀರಿದ್ದರಿಂದ ಕಟ್ಟಬೇಕಾದ ಬಡ್ಡಿಯನ್ನು, ತಪ್ಪು ಯಾರದೆಂದು ವಿಚಾರಣೆ ನಡೆಸಿ, ಅವರಿಂದ ವಸೂಲು ಮಾಡಲಿ. ಈ ಮೂರು ಮಾಡಿದರೆ ಸಾಲಿನ ಅರ್ಧ ಜನ ಮನೆಗೆ ಹೋಗಬಹುದು ಎಂಬುದು ನನ್ನ ದೃಢ ನಂಬಿಕೆ.

ಅಲ್ಲಿಯವರೆಗೆ, ಆದೇಶ ಕೈಯಲ್ಲಿರುವ ಓದುಗರಿಗೆ ಒಂದು ಮಾತು. ದೃಢೀಕೃತ ಪ್ರತಿಯನ್ನು ಸುಮ್ಮನೆ ಕೈಗೆ ಕೊಟ್ಟು ಬರಬೇಡಿ. ಜೊತೆಗೊಂದು ಪತ್ರ ಬರೆದು, ತಪಾಲು ವಿಭಾಗದ ಸೀಲು ಮತ್ತು ದಿನಾಂಕ ನಿಮ್ಮ ಪ್ರತಿಯ ಮೇಲೂ ಬೀಳುವಂತೆ ನೋಡಿಕೊಳ್ಳಿ, ಅಥವಾ ಸ್ವೀಕೃತಿ ಸಮೇತ ಅಂಚೆಯಲ್ಲಿ ಕಳಿಸಿ. ಗಡುವು ಮುಗಿಯುವ ದಿನವನ್ನು ಕ್ಯಾಲೆಂಡರ್‌ನಲ್ಲಿ ಗುರುತಿಸಿ. ಮೇಲ್ಮನವಿ ಹಾಕಿದ್ದೇವೆ ಎಂದರೆ ತಡೆಯಾಜ್ಞೆಯ ಪ್ರತಿ ಕೇಳಿ. ನಾಳೆ ಬನ್ನಿ, ಮುಂದಿನ ವಾರ ಬನ್ನಿ ಎಂಬ ಮಾತು ನಂಬಿ ಕೂರಬೇಡಿ. ಸಿವಿಲ್ ಡಿಕ್ರಿಯ ಅಮಲ್ಜಾರಿಗೆ ಕಾನೂನು ಹನ್ನೆರಡು ವರ್ಷ ಕೊಡುತ್ತದೆ. ನಿಂದನೆ ಕಾಯ್ದೆಯ 20ನೇ ಸೆಕ್ಷನ್ ಕೊಡುವುದು ಒಂದೇ ವರ್ಷ.